ಬೈಲಕುಪ್ಪೆಯ ಮೂರು ಸಾವಿರ ಎಕರೆ

ಕೊರಟಗೆರೆ, ಮಧುಗಿರಿ ಕಡೆಯ ಶಾಲೆಗಳ ಪ್ರವಾಸದ ಬಸ್ಸು ಕೊಡಗಿನ ದಾರಿ ಹಿಡಿಯಿತೆಂದರೆ ಕುಶಾಲನಗರಕ್ಕೆ ಮೊದಲು ಬೈಲಕುಪ್ಪೆಯಲ್ಲಿ ನಿಲ್ಲಲೇಬೇಕು. ಮಕ್ಕಳು ಸಾಲಾಗಿ ಇಳಿದು ಗೋಲ್ಡನ್ ಟೆಂಪಲ್ ಒಳಗೆ ಹೋಗಿ, 60 ಅಡಿ ಎತ್ತರದ ಬುದ್ಧನನ್ನೂ ಅಕ್ಕಪಕ್ಕದ ಪದ್ಮಸಂಭವ, ಅಮಿತಾಯುಸ್ ಮೂರ್ತಿಗಳನ್ನೂ ಕತ್ತೆತ್ತಿ ನೋಡುತ್ತಾರೆ. ಹೊರಗೆ ಬಂದು ಫೋಟೊ ತೆಗೆಸಿಕೊಳ್ಳುತ್ತಾರೆ. ಅಷ್ಟರಲ್ಲಿ ದುಬಾರೆಗೆ ಹೊತ್ತಾಯಿತೆಂದು ಮೇಷ್ಟ್ರು ಅವಸರ ಮಾಡುತ್ತಾರೆ. ಈ ಕೆಂಪು ಬಟ್ಟೆಯವರು ಎಲ್ಲಿಂದ ಬಂದರು, ಯಾಕೆ ಬಂದರು ಎಂದು ಯಾವುದಾದರೂ ಮಗು ಕೇಳಿದರೆ, ಚೀನಾದವರು ಓಡಿಸಿದರು ಎಂಬಲ್ಲಿಗೆ ಮಾತು ಮುಗಿಯುತ್ತದೆ. ಆ ಮಗುವಿಗೆ ಪೂರ್ತಿ ಕಥೆ ಹೇಳಬೇಕು ಎಂಬುದು ನನ್ನ ಬಹುದಿನದ ಆಸೆ. ಏಕೆಂದರೆ ಅದರಲ್ಲಿ ಅರ್ಧ ಟಿಬೆಟಿನದಾದರೆ ಇನ್ನರ್ಧ ನಮ್ಮ ರಾಜ್ಯದ್ದೇ.

ಊರು ಬಿಟ್ಟು ಹೋಗುವುದು ನಮ್ಮ ಸೀಮೆಗೆ ಹೊಸದಲ್ಲ. ಶಿರಾದಿಂದ 12,000 ಕುಟುಂಬಗಳನ್ನು ಟಿಪ್ಪುವಿನ ಕಾಲದಲ್ಲಿ ಬಲವಂತವಾಗಿ ಎಬ್ಬಿಸಿ ಶ್ರೀರಂಗಪಟ್ಟಣದ ಪಕ್ಕದ ಗಂಜಾಂನಲ್ಲಿ ನೆಲೆಗೊಳಿಸಿದರೆಂದು ಹಳೆಯ ಗೆಜೆಟಿಯರುಗಳು ದಾಖಲಿಸಿವೆ. ಧಾತು, ಈಶ್ವರ ಸಂವತ್ಸರಗಳ ಬರದಲ್ಲಿ, ಅಂದರೆ 1876–78ರಲ್ಲಿ, ಮೈಸೂರು ಸಂಸ್ಥಾನದ ಜನ ಕೂಳಿಗಾಗಿ ದಿಕ್ಕುಪಾಲಾದರು. ಪಾವಗಡದಿಂದ ಬೆಂಗಳೂರಿನ ಕಟ್ಟಡಗಳ ಕೆಲಸಕ್ಕೆ ಗುಳೆ ಹೋಗುವುದು ಇಂದಿಗೂ ನಿಂತಿಲ್ಲ. ದೊರೆಯ ಅಪ್ಪಣೆಯಿಂದ ಎದ್ದವರೂ ಹಸಿವಿನಿಂದ ಎದ್ದವರೂ ನಮ್ಮಲ್ಲಿದ್ದಾರೆ. ಟಿಬೆಟನ್ನರು ಎದ್ದದ್ದು ಬೇರೆ ಕಾರಣಕ್ಕೆ. ದುಡಿಯಲು ಅವರಿಗೆ ಹೊಲವಿತ್ತು, ಮೇಯಿಸಲು ಯಾಕ್ ಮಂದೆಯಿತ್ತು. ಆದರೆ ಮನೆಯೊಳಗೆ ಯಾರ ಪಟ ಇಡಬೇಕು, ಯಾವ ಮಂತ್ರ ಹೇಳಬಾರದು, ಯಾರನ್ನು ಬೈಯಬೇಕು ಎಂಬುದನ್ನು ಸರ್ಕಾರವೇ ಹೇಳಲು ಶುರುಮಾಡಿದಾಗ ಅಲ್ಲಿ ಮಕ್ಕಳನ್ನು ಬೆಳೆಸುವುದು ಸಾಧ್ಯವಿಲ್ಲ ಅನ್ನಿಸಿತು.

1950ರ ಅಕ್ಟೋಬರ್ 7ರಂದು ಚೀನಾದ ಸೇನೆ ಯಾಂಗ್‌ತ್ಸೆ ನದಿಯ ಮೇಲ್ಭಾಗವನ್ನು ದಾಟಿ ಟಿಬೆಟಿನ ಪೂರ್ವಕ್ಕೆ ನುಗ್ಗಿತು. ಎರಡು ವಾರದೊಳಗೆ ಚಾಮ್ಡೊ ಬಿತ್ತು. ಲ್ಹಾಸಾದಲ್ಲಿ ಗಾಬರಿಬಿದ್ದವರು ನವೆಂಬರ್ 17ರಂದು 15 ವರ್ಷದ ಹುಡುಗನ ಕೈಗೆ ರಾಜ್ಯಭಾರ ಕೊಟ್ಟರು. ಇಂದಿನ ದಲೈ ಲಾಮಾ ಅಧಿಕಾರಕ್ಕೆ ಬಂದದ್ದು ಹೀಗೆ. 1951ರ ಮೇ 23ರಂದು ಬೀಜಿಂಗಿನಲ್ಲಿ ಸಹಿಯಾದ 17 ಅಂಶಗಳ ಒಪ್ಪಂದದಲ್ಲಿ, ಟಿಬೆಟಿನ ಆಡಳಿತ ಪದ್ಧತಿಗೂ ಧರ್ಮಕ್ಕೂ ಕೈ ಹಾಕುವುದಿಲ್ಲ ಎಂಬ ಮಾತಿತ್ತು. ಮೊದಮೊದಲು ಲ್ಹಾಸಾದಲ್ಲಿ ಸೈನಿಕರು ಮರ್ಯಾದೆಯಿಂದಲೇ ನಡೆದುಕೊಂಡರು. ರಸ್ತೆ ಕೆಲಸಕ್ಕೆ ಬೆಳ್ಳಿ ನಾಣ್ಯದಲ್ಲಿ ಕೂಲಿ ಕೊಟ್ಟರು. ಆದರೆ ಪೂರ್ವದ ಖಾಮ್, ಅಮ್ದೊ ಪ್ರಾಂತ್ಯಗಳನ್ನು ಆ ಒಪ್ಪಂದ ಕಾಯಲಿಲ್ಲ. 1955–56ರಿಂದ ಅಲ್ಲಿ ‘ಪ್ರಜಾಸತ್ತಾತ್ಮಕ ಸುಧಾರಣೆ’ ಎಂಬ ಹೆಸರಿನಲ್ಲಿ ಭೂಮಿ ಕಸಿದರು, ಮನೆಮನೆಯ ಕೋವಿ ಕಸಿದರು, ಮಠಗಳ ಮೇಲೆ ಕೈ ಮಾಡಿದರು. 1956ರಲ್ಲಿ ಲಿಥಾಂಗ್ ಮಠದ ಮೇಲೆ ವಿಮಾನದಿಂದ ಬಾಂಬು ಬಿತ್ತು.

ಆ ದಿನಗಳಲ್ಲಿ ಬೆಳೆದ ಮಕ್ಕಳು ಮುಂದೆ ಹೇಳಿದ ನೆನಪುಗಳಲ್ಲಿ ಒಂದು ದೃಶ್ಯ ಮತ್ತೆ ಮತ್ತೆ ಬರುತ್ತದೆ. ಅವರು ಅದನ್ನು ‘ತಮ್ಜಿಂಗ್’ ಎನ್ನುತ್ತಾರೆ. ಊರವರನ್ನೆಲ್ಲ ಬಯಲಿಗೆ ಕರೆಸಿ, ಜಮೀನ್ದಾರನನ್ನೋ ಮಠದ ಗುರುವನ್ನೋ ನಡುವೆ ಮಂಡಿಯೂರಿಸಿ ತಲೆ ಬಗ್ಗಿಸಿ ನಿಲ್ಲಿಸುತ್ತಿದ್ದರು. ಒಬ್ಬೊಬ್ಬರಾಗಿ ಎದ್ದು ಬಂದು ಅವನ ತಪ್ಪುಗಳನ್ನು ಕೂಗಿ ಹೇಳಬೇಕು, ಉಗುಳಬೇಕು, ಹೊಡೆಯಬೇಕು. ಆಳು ಒಡೆಯನಿಗೆ ಹೊಡೆಯಬೇಕು, ಶಿಷ್ಯ ಗುರುವಿಗೆ, ಕೆಲವು ಕಡೆ ಮಗ ಅಪ್ಪನಿಗೆ. ಸುಮ್ಮನೆ ನಿಂತವನ ಹೆಸರು ಮಾರನೆಯ ಪಟ್ಟಿಯಲ್ಲಿರುತ್ತಿತ್ತು. ಸರ್ವಾಧಿಕಾರದ ವಿಚಾರವಾಗಿ ಎಷ್ಟೋ ಪುಸ್ತಕ ಓದಿದ್ದೇನೆ, ಆದರೂ ಅದರ ತಿರುಳು ಈ ಬಯಲಿನಲ್ಲೇ ಇದೆ ಎಂದು ನನಗೆ ಅನ್ನಿಸುತ್ತದೆ. ಬಾಯಿ ಮುಚ್ಚಿಕೊಂಡಿದ್ದರೂ ಅಲ್ಲಿ ಉಳಿಗಾಲವಿಲ್ಲ. ಆಳುವವರ ಮಾತು ನಿಮ್ಮ ಬಾಯಿಂದಲೇ, ನಿಮಗೆ ಬೇಕಾದವರ ಎದುರಿಗೇ ಬರಬೇಕು. ಎಂಟು ಹತ್ತು ವರ್ಷದ ಮಗು ಇದನ್ನು ನೋಡಿ ಮನೆಗೆ ಬಂದು ಊಟಕ್ಕೆ ಕೂತಾಗ ಅಪ್ಪ ಅಮ್ಮ ಏನು ಮಾತಾಡಿಯಾರು? ಮಗು ನಾಳೆ ಶಾಲೆಯಲ್ಲಿ ಏನು ಹೇಳಿಬಿಡುತ್ತದೋ ಎಂದು ಹೆತ್ತವರೇ ಮಗುವಿಗೆ ಹೆದರುವ ಕಾಲ ಅದು.

ಹಳೆಯ ಟಿಬೆಟ್ ಸ್ವರ್ಗವೇನೂ ಆಗಿರಲಿಲ್ಲ ಎಂಬುದನ್ನೂ ಹೇಳಲೇಬೇಕು. ಭೂಮಿಯ ಬಹುಪಾಲು ಶ್ರೀಮಂತ ಮನೆತನಗಳ ಮತ್ತು ಮಠಗಳ ಕೈಯಲ್ಲಿತ್ತು. ರೈತ ಒಡೆಯನ ನೆಲಕ್ಕೆ ಅಂಟಿಕೊಂಡು ಬಿಟ್ಟಿ ಚಾಕರಿ ಮಾಡಬೇಕಿತ್ತು. ಬದಲಾವಣೆ ಬೇಕೆಂದು ತರುಣ ದಲೈ ಲಾಮಾ ಅವರಿಗೂ ಅನ್ನಿಸಿತ್ತು. ಚೀನಾಕ್ಕೆ ಹೋಗಿ ಮಾವೊ ಅವರನ್ನು ಕಂಡಾಗ ಅವರಿಗೆ ಭರವಸೆಯೂ ಹುಟ್ಟಿತ್ತು. ಆದರೆ ಅನ್ಯಾಯದ ಹಳೆಯ ಮನೆಯನ್ನು ಸರಿಪಡಿಸುವ ಹಕ್ಕು ಅದರಲ್ಲಿ ಇದ್ದವರದು. ಕೋವಿ ಹಿಡಿದು ಬಂದವರು ಹಳೆಯ ಒಡೆಯರನ್ನು ತೆಗೆದು ತಾವೇ ಒಡೆಯರಾದರು, ಪ್ರಶ್ನೆ ಕೇಳುವ ದಾರಿಯನ್ನೂ ಮುಚ್ಚಿದರು.

1959ರ ಮಾರ್ಚ್ 10ರಂದು, ಸೇನಾ ಶಿಬಿರದಲ್ಲಿ ನಡೆಯುವ ನೃತ್ಯ ಪ್ರದರ್ಶನಕ್ಕೆ ದಲೈ ಲಾಮಾ ಅಂಗರಕ್ಷಕರಿಲ್ಲದೆ ಬರಬೇಕಂತೆ ಎಂಬ ಸುದ್ದಿ ಲ್ಹಾಸಾದಲ್ಲಿ ಹಬ್ಬಿತು. ಸಾವಿರಾರು ಜನ ಬಂದು ನೊರ್ಬುಲಿಂಕಾ ಅರಮನೆಯನ್ನು ಸುತ್ತುವರಿದು ಯಾರನ್ನೂ ಹೊರಗೆ ಬಿಡಲಿಲ್ಲ. 17ರ ರಾತ್ರಿ ದಲೈ ಲಾಮಾ ಸಾಮಾನ್ಯ ಸೈನಿಕನ ವೇಷದಲ್ಲಿ ಹೊರಬಿದ್ದರು. 20ರ ನಸುಕಿನಲ್ಲಿ ಅರಮನೆಯ ಮೇಲೆ ಫಿರಂಗಿ ಗುಂಡು ಸುರಿಯತೊಡಗಿತು. ಮಾರ್ಚ್ 31ರಂದು ಅವರು ತವಾಂಗ್ ಕಡೆಯಿಂದ ಭಾರತದ ಗಡಿ ದಾಟಿದರು. ಅವರ ಬೆನ್ನಿಗೆ ಸುಮಾರು 80,000 ಜನ ಬಂದರು.

ಬಂದರು ಎಂದು ಒಂದು ಮಾತಿನಲ್ಲಿ ಬರೆಯುವುದು ಸುಲಭ. ಹಗಲು ಅಡಗಿ ರಾತ್ರಿ ನಡೆದವರು ಅವರು. ಬುತ್ತಿ ಎಂದರೆ ತ್ಸಂಪಾ: ಬಾರ್ಲಿಯನ್ನು ಹುರಿದು ಬೀಸಿದ ಹಿಟ್ಟು, ನಮ್ಮ ಮನೆಗಳ ರಾಗಿ ಹುರಿಹಿಟ್ಟು ಇದ್ದ ಹಾಗೆ. ಒಂದು ಹಿಡಿ ಹಿಟ್ಟಿಗೆ ಬೆಣ್ಣೆ ಹಾಕಿದ ಚಹಾ ಹೊಯ್ದು ಬೆರಳಲ್ಲೇ ನಾದಿ ಉಂಡೆ ಮಾಡಿ ತಿನ್ನುತ್ತಾರೆ. ಒಲೆ ಹೊತ್ತಿಸಿದರೆ ಹೊಗೆ ಕಂಡೀತು. ತ್ಸಂಪಾಕ್ಕೆ ಒಲೆ ಬೇಡ, ತಣ್ಣೀರಿದ್ದರೂ ನಡೆಯುತ್ತದೆ. ಆ ಚೀಲ ಖಾಲಿಯಾದ ಮೇಲೆ ಚರ್ಮದ ಬೂಟುಗಳನ್ನು ಬೇಯಿಸಿ ತಿಂದವರ ನೆನಪುಗಳೂ ದಾಖಲಾಗಿವೆ. ಇಂದು ಮಕ್ಕಳು ಕತ್ತೆತ್ತಿ ನೋಡುವ ಗೋಲ್ಡನ್ ಟೆಂಪಲ್ ಇರುವುದು ನಾಮ್ಡ್ರೋಲಿಂಗ್ ಮಠದಲ್ಲಿ. ಅದನ್ನು ಸ್ಥಾಪಿಸಿದ ಪೆನೊರ್ ರಿಂಪೋಚೆ ಖಾಮ್ ಪ್ರಾಂತ್ಯದಿಂದ ಹೊರಟಾಗ ಜೊತೆಯಲ್ಲಿದ್ದವರು ಸುಮಾರು 300 ಮಂದಿ. ಇಂದಿನ ಅರುಣಾಚಲ ಪ್ರದೇಶ ಮುಟ್ಟುವ ಹೊತ್ತಿಗೆ ಉಳಿದವರು ಸುಮಾರು 30.

ಗಡಿ ದಾಟಿದ ಮೇಲೆ ಕಷ್ಟ ಬೇರೆ ರೂಪ ಹಿಡಿಯಿತು. ಅಸ್ಸಾಮಿನ ಮಿಸ್ಸಮಾರಿಯಲ್ಲಿ ಬಿದಿರಿನ ಶೆಡ್ಡುಗಳು, ಬಂಗಾಳದ ಬಕ್ಸಾದಲ್ಲಿ ಬ್ರಿಟಿಷರ ಹಳೆಯ ಬಂದೀಖಾನೆ. ಹಿಮದ ನಾಡಿನವರು ಬಯಲಿನ ಸೆಕೆಗೂ ಕ್ಷಯಕ್ಕೂ ಸಿಕ್ಕಿ ಸತ್ತರು. ಗಟ್ಟಿಯಿದ್ದವರನ್ನು ಹಿಮಾಲಯದ ರಸ್ತೆ ಕೆಲಸಕ್ಕೆ ಕಳಿಸಿದರು. ತಾಯಿ ಕಲ್ಲು ಒಡೆಯುವಾಗ ಮಗು ಪಕ್ಕದಲ್ಲೇ ಧೂಳಿನಲ್ಲಿ ಮಲಗಿರುತ್ತಿತ್ತು. ಅಂಥ ಕ್ಯಾಂಪುಗಳಿಂದ ಆರಿಸಿ ತಂದ 51 ಮಕ್ಕಳಿಂದಲೇ 1960ರ ಮೇ ತಿಂಗಳಲ್ಲಿ ಧರ್ಮಶಾಲೆಯ ಶಿಶುವಿಹಾರ ಆರಂಭವಾಯಿತು.

ಈ ಜನ ಒಟ್ಟಿಗೆ ಬದುಕಲು ನೆಲ ಬೇಕೆಂದು ನೆಹರೂ ರಾಜ್ಯ ಸರ್ಕಾರಗಳನ್ನು ಕೇಳಿದಾಗ ದೊಡ್ಡ ಮನಸ್ಸು ಮಾಡಿದ್ದು ಮೈಸೂರು ರಾಜ್ಯ. ಟಿಬೆಟನ್ನರು ಈ ಉಪಕಾರಕ್ಕೆ ಇಂದಿಗೂ ನೆನೆಯುವುದು ಎಸ್. ನಿಜಲಿಂಗಪ್ಪನವರನ್ನು. ದಲೈ ಲಾಮಾ ಕೂಡ ನಿಜಲಿಂಗಪ್ಪನವರ ಹೆಸರನ್ನು ಸಭೆ ಸಭೆಯಲ್ಲಿ ಕೃತಜ್ಞತೆಯಿಂದ ಹೇಳಿದ್ದಾರೆ. 1960ರ ಕೊನೆಯಲ್ಲಿ ಮೊದಲ ತಂಡ ಬಂದಾಗ ಮುಖ್ಯಮಂತ್ರಿಯಾಗಿದ್ದವರು ಬಿ.ಡಿ. ಜತ್ತಿ ಎಂಬುದನ್ನೂ ಇಲ್ಲಿ ಸೇರಿಸಬೇಕು. ನಿಜಲಿಂಗಪ್ಪನವರು 1962ರಲ್ಲಿ ಮತ್ತೆ ಅಧಿಕಾರಕ್ಕೆ ಬಂದು 1968ರವರೆಗೆ ಇದ್ದರು. ಆಮೇಲೆ ಬಂದ ಸರ್ಕಾರಗಳೂ ಈ ಕೆಲಸವನ್ನು ಕೈಬಿಡಲಿಲ್ಲ. ಬೈಲಕುಪ್ಪೆಯ ನಂತರ 1966ರಲ್ಲಿ ಮುಂಡಗೋಡ, 1969ರಲ್ಲಿ ಬೈಲಕುಪ್ಪೆಯ ಎರಡನೆಯ ವಸತಿ, 1972ರಲ್ಲಿ ಹುಣಸೂರು, 1974ರಲ್ಲಿ ಕೊಳ್ಳೇಗಾಲದ ಒಡೆಯರಪಾಳ್ಯ. ಬೇರೆ ಯಾವ ರಾಜ್ಯವೂ ಟಿಬೆಟನ್ನರಿಗೆ ಇಷ್ಟು ಭೂಮಿ ಕೊಡಲಿಲ್ಲ. ಇದು ಕರ್ನಾಟಕದ ಪಠ್ಯಪುಸ್ತಕದಲ್ಲಿ ಒಂದು ಪಾಠವಾಗಬೇಕಾದ ಸಂಗತಿ.

ಪಿರಿಯಾಪಟ್ಟಣ ತಾಲೂಕಿನ ಆ ಸುಮಾರು 3,000 ಎಕರೆ ಕೈಗೆ ಬಂದಾಗ ಅದು ಹೊಲವಾಗಿರಲಿಲ್ಲ, ದಟ್ಟ ಕಾಡು. ಮರ ಕಡಿದು, ಬೊಡ್ಡೆ ಕಿತ್ತು, ಸೌದೆಯನ್ನು ರಾಶಿ ಹಾಕಿ ಸುಡಬೇಕಿತ್ತು. ಮೇಲೆ ಬಿಸಿಲು, ಕೆಳಗೆ ಬೆಂಕಿ. ಬಿದಿರಿನ ಗೋಡೆಗೆ ಟಾರ್ಪಾಲು ಹೊದಿಸಿದ ಗುಡಾರಗಳಲ್ಲಿ ವಾಸ. ದಲೈ ಲಾಮಾ ಮೊದಲ ಸಲ ನೋಡಲು ಬಂದಾಗ ಜನ ಬಿಸಿಲಿಗೂ ಹೊಗೆಗೂ ಕಪ್ಪಾಗಿ ಸೊರಗಿದ್ದರು, ಇಲ್ಲೇ ಸತ್ತುಹೋಗುತ್ತೇವೇನೋ ಎಂಬ ಭಯದಲ್ಲಿದ್ದರು ಎಂದು ತಮ್ಮ ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾರೆ. ಬಿತ್ತಿದ ಮುಸುಕಿನ ಜೋಳ ತೆನೆಗಟ್ಟಿತು ಅನ್ನುವಷ್ಟರಲ್ಲಿ ಆನೆ ಹಿಂಡು ಬಂದು ತುಳಿದು ಹೋಗುತ್ತಿತ್ತು. ಅಟ್ಟಣೆ ಕಟ್ಟಿ, ತಮಟೆ ಬಡಿದು, ರಾತ್ರಿಯಿಡೀ ಕಾವಲು ಕೂರುವುದನ್ನು ಹುಲ್ಲುಗಾವಲಿನ ಕುರಿಗಾಹಿಗಳು ಸುತ್ತಲಿನ ಕನ್ನಡದ ರೈತರನ್ನು ನೋಡಿ ಕಲಿತರು. ಭೂಮಿಯ ಒಡೆತನ ಸರ್ಕಾರದ್ದೇ. ಇವರದು ಗುತ್ತಿಗೆ ಮಾತ್ರ. ಸೊಸೈಟಿ ಮಾಡಿಕೊಂಡರು, ಟ್ರ್ಯಾಕ್ಟರ್ ತಂದರು, ಕಂಬಳಿ ಮತ್ತು ರತ್ನಗಂಬಳಿ ನೇಯ್ದರು. ಚಳಿಗಾಲದಲ್ಲಿ ಊರೂರಿಗೆ ಹೋಗಿ ಸ್ವೆಟರ್ ಮಾರಿದರು. ಪೆನೊರ್ ರಿಂಪೋಚೆ 1963ರಲ್ಲಿ ಮಠದ ಕೆಲಸ ಆರಂಭಿಸಿದಾಗ ಕೈಯಲ್ಲಿದ್ದ ಹಣ ಏನೇನೂ ಸಾಲದು. ಅವರು ಬೆರಳೆಣಿಕೆಯ ಸನ್ಯಾಸಿಗಳ ಜೊತೆ ತಾವೇ ಕಲ್ಲು, ಮಣ್ಣು ಹೊತ್ತರು. ಚಿನ್ನದ ಬಣ್ಣದ ಆ ದೊಡ್ಡ ದೇವಾಲಯ ಉದ್ಘಾಟನೆಯಾಗುವ ಹೊತ್ತಿಗೆ 1999 ಬಂದಿತ್ತು.

ಇತ್ತ ಕಾಡು ಹೊಲವಾಗುತ್ತಿದ್ದಾಗ ಅತ್ತ ಟಿಬೆಟಿನಲ್ಲೇ ಉಳಿದವರು ಸಾಂಸ್ಕೃತಿಕ ಕ್ರಾಂತಿಗೆ ಸಿಕ್ಕಿದರು. 1966ರಿಂದ ಹತ್ತು ವರ್ಷ ಮಠಗಳನ್ನು ಒಡೆದರು, ಗ್ರಂಥಗಳನ್ನು ಸುಟ್ಟರು. ಗಾಂದೆನ್ ಮಠವಂತೂ ಬರೀ ಮೊಂಡು ಗೋಡೆಗಳಾಗಿ ಉಳಿಯಿತು. ಆ ಕಾಲದಲ್ಲಿ ಹುಟ್ಟಿದ ಮಗುವಿಗೆ ಗೊತ್ತಿದ್ದದ್ದು ಮಾವೊ ಪಟ, ಧ್ವನಿವರ್ಧಕ, ಕಮ್ಯೂನಿನ ಕೂಲಿ ಅಂಕ. ಅಜ್ಜಿ ಕಂಬಳಿಯೊಳಗೆ ಮುಖ ಮುಚ್ಚಿಕೊಂಡು ಮಂತ್ರ ಹೇಳಿಕೊಳ್ಳಬೇಕಿತ್ತು. 1980ರ ದಶಕದಲ್ಲಿ ಸ್ವಲ್ಪ ಸಡಿಲವಾದಾಗ ಹೆತ್ತವರು ಎಂಟು ಹತ್ತು ವರ್ಷದ ಮಕ್ಕಳನ್ನು ದಾರಿ ತೋರಿಸುವವರ ಕೈಗೆ ಒಪ್ಪಿಸಿ ನೇಪಾಳದ ಮೂಲಕ ಭಾರತಕ್ಕೆ ಕಳಿಸತೊಡಗಿದರು. ನಮ್ಮ ಭಾಷೆ, ಧರ್ಮ ಕಲಿಯಲಿ, ಹೆದರದೆ ಬೆಳೆಯಲಿ ಎಂಬುದೊಂದೇ ಆಸೆ. ಮತ್ತೆ ನೋಡುವ ಭರವಸೆ ಇಲ್ಲದೆ ಮಗುವನ್ನು ಕಳಿಸಿಕೊಟ್ಟ ತಾಯಂದಿರ ಬಗ್ಗೆ ಓದುವಾಗಲೆಲ್ಲ ನನಗೆ ಗಂಟಲು ಕಟ್ಟುತ್ತದೆ. 2006ರ ಸೆಪ್ಟೆಂಬರ್ 30ರಂದು 5,700 ಮೀಟರ್ ಎತ್ತರದ ನಾಂಗ್ಪಾ ಲಾ ಕಣಿವೆಯಲ್ಲಿ ಹಿಮದ ಮೇಲೆ ಸಾಲಾಗಿ ನಡೆಯುತ್ತಿದ್ದವರ ಮೇಲೆ ಚೀನಾದ ಗಡಿ ಪೊಲೀಸರು ಗುಂಡು ಹಾರಿಸಿದರು. 17 ವರ್ಷದ ಸನ್ಯಾಸಿನಿ ಕೆಲ್ಸಾಂಗ್ ನಾಮ್ತ್ಸೊ ಅಲ್ಲೇ ಸತ್ತಳು. ಪಕ್ಕದ ಪರ್ವತ ಹತ್ತಲು ಬಂದಿದ್ದ ವಿದೇಶಿಯರ ಕ್ಯಾಮೆರಾ ಅದನ್ನು ಸೆರೆಹಿಡಿದದ್ದರಿಂದ ಜಗತ್ತಿಗೆ ತಿಳಿಯಿತು. ಇಂಥ ಕಣಿವೆಗಳನ್ನು ದಾಟಿ ಬಂದ ಎಷ್ಟೋ ಹುಡುಗರು ಬೈಲಕುಪ್ಪೆಯ ಸೆರಾ ಮಠ ಸೇರಿದರು. 2008ರಲ್ಲಿ ಟಿಬೆಟಿನಲ್ಲಿ ನಡೆದ ಗಲಭೆಯ ನಂತರ ಗಡಿ ಬಿಗಿಯಾಗಿ, ವರ್ಷಕ್ಕೆ ಸಾವಿರಗಟ್ಟಲೆ ಬರುತ್ತಿದ್ದವರು ಬೆರಳೆಣಿಕೆಗೆ ಇಳಿದರು.

ಬಂದವರಿಗೆ ಇಲ್ಲಿ ಏನು ಸಿಕ್ಕಿತು? ನೆಲ, ಪಡಿತರ, ಶಾಲೆ ಸಿಕ್ಕಿತು. ನನ್ನ ದೃಷ್ಟಿಯಲ್ಲಿ ಅದಕ್ಕಿಂತ ದೊಡ್ಡದು ಬೇರೆ ಇದೆ. 1960ರ ಸೆಪ್ಟೆಂಬರ್ 2ರಂದು, ಇನ್ನೂ ತಲೆಯ ಮೇಲೆ ಸರಿಯಾದ ಸೂರಿಲ್ಲದ ಆ ಜನ ತಮ್ಮ ಮೊದಲ ಚುನಾಯಿತ ಸಭೆ ಮಾಡಿಕೊಂಡರು. 1963ರಲ್ಲಿ ದಲೈ ಲಾಮಾ ಪ್ರಕಟಿಸಿದ ಸಂವಿಧಾನದಲ್ಲಿ ದಲೈ ಲಾಮಾ ಅವರ ಅಧಿಕಾರವನ್ನೇ ತೆಗೆದುಹಾಕಲು ಅವಕಾಶ ಕೊಡುವ ಕಲಮು ಇತ್ತು. ದೇವರೆಂದು ನಂಬಿದವರನ್ನು ಇಳಿಸುವ ಮಾತು ಬೇಡವೇ ಬೇಡವೆಂದು ಜನ ಹಟ ಹಿಡಿದರು, ಅವರು ಬಿಡಲಿಲ್ಲ. 2001ರಿಂದ ಅವರ ದೇಶಭ್ರಷ್ಟ ಸರ್ಕಾರದ ಪ್ರಧಾನಿಗೆ ನೇರ ಚುನಾವಣೆ. 2011ರಲ್ಲಿ ದಲೈ ಲಾಮಾ ರಾಜಕೀಯ ಅಧಿಕಾರವನ್ನು ಪೂರ್ತಿ ಬಿಟ್ಟುಕೊಟ್ಟರು. ತಮ್ಜಿಂಗ್ ಬಯಲಿನಲ್ಲಿ ಹೇಳಿಕೊಟ್ಟಿದ್ದನ್ನು ಕೂಗಬೇಕಾಗಿದ್ದ ಜನ ಬೈಲಕುಪ್ಪೆಯಲ್ಲಿ ಸಾಲು ನಿಂತು, ಯಾರಿಗೂ ಹೇಳದೆ, ತಮಗೆ ಬೇಕಾದವರಿಗೆ ಮತ ಹಾಕಿದರು.

ಆಶ್ರಯ ಕೊಟ್ಟ ದೇಶವೂ ಒಮ್ಮೆ ಎಡವಿತು. 1975ರ ಜೂನ್ 25ರಿಂದ 21 ತಿಂಗಳು ತುರ್ತು ಪರಿಸ್ಥಿತಿ. ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಬೆಂಗಳೂರಿನ ಜೈಲಿನಲ್ಲಿದ್ದರು. ಅದೇ ಜೈಲಿನಲ್ಲಿ ಆರೋಗ್ಯ ಕಳೆದುಕೊಂಡ ನಟಿ ಸ್ನೇಹಲತಾ ರೆಡ್ಡಿ ಬಿಡುಗಡೆಯಾದ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು ತೀರಿಕೊಂಡರು. ಸ್ವತಂತ್ರ ದೇಶವೆಂದರೆ ತಪ್ಪೇ ಮಾಡದ ದೇಶ ಅಲ್ಲ. ಎರಡೇ ತಿಂಗಳಲ್ಲಿ ನಡೆದ ಚುನಾವಣೆಯಲ್ಲಿ ಹಳ್ಳಿಹಳ್ಳಿಯ ಮತದಾರರು ಅದನ್ನು ಮುಗಿಸಿದರು. ಲ್ಹಾಸಾದವರಿಗೆ ಆ ದಾರಿ ಒಮ್ಮೆಯೂ ತೆರೆಯಲಿಲ್ಲ.

ನಮ್ಮ ಸೀಮೆಯ ಹೆಣ್ಣುಮಕ್ಕಳಿಗೆ ಈ ಕಥೆಯ ಒಂದು ಎಳೆ ಗೊತ್ತಿಲ್ಲದೆಯೇ ತಾಗಿದೆ. ಟಿಬೆಟನ್ನರ ಪುನರ್ವಸತಿಗೆ ನೆರವಾಗಲೆಂದು 1968ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಸಂಸ್ಥೆ ಮೈರಾಡ. ಪುನರ್ವಸತಿಯ ಕೆಲಸ ಮುಗಿದ ಮೇಲೆ ಅದು ಬರದ ಸೀಮೆಗಳ ಬಡವರ ಕಡೆ ತಿರುಗಿತು. ಮಧುಗಿರಿ, ಪಾವಗಡಕ್ಕೆ ಅಂಟಿಕೊಂಡ ಮಡಕಶಿರಾದಲ್ಲೂ ಕೆಲಸ ಮಾಡಿತು. ಹತ್ತಿಪ್ಪತ್ತು ಜನ ಸೇರಿ ವಾರವಾರ ಉಳಿಸಿ, ತಮ್ಮತಮ್ಮಲ್ಲೇ ಸಾಲ ಕೊಟ್ಟುಕೊಳ್ಳುವ ಸ್ವಸಹಾಯ ಸಂಘಗಳನ್ನು ದೇಶದಲ್ಲಿ ಮೊದಮೊದಲು ಕಟ್ಟಿ ತೋರಿಸಿದವರಲ್ಲಿ ಮೈರಾಡವೂ ಒಂದು. ಅದನ್ನು ನೋಡಿ ನಬಾರ್ಡ್ 1992ರಲ್ಲಿ ಸಂಘಗಳನ್ನು ಬ್ಯಾಂಕಿಗೆ ಜೋಡಿಸಿತು. ಇವತ್ತು ಕೊರಟಗೆರೆಯ ಹಳ್ಳಿಯಲ್ಲಿ ‘ಸಂಘಕ್ಕೆ ಹೋಗಬೇಕು’ ಎಂದು ಹೊರಡುವ ಹೆಂಗಸಿಗೂ ಬೈಲಕುಪ್ಪೆಯ ಗುಡಾರಗಳಿಗೂ ನಡುವೆ ಇಂಥದೊಂದು ನಂಟಿದೆ.

ಇನ್ನು ಕಾಗದದ ವಿಚಾರ. ಬೈಲಕುಪ್ಪೆಯ ಟಿಬೆಟನ್ನರು ಕಾನೂನಿನ ಕಣ್ಣಿಗೆ ವಿದೇಶಿಯರು. ಆರ್‌ಸಿ ಎಂಬ ನೋಂದಣಿ ಪುಸ್ತಕವನ್ನು ಕಾಲಕಾಲಕ್ಕೆ ನವೀಕರಿಸಿಕೊಂಡೇ ಬದುಕಬೇಕು. ಆದರೆ 1955ರ ಪೌರತ್ವ ಕಾಯ್ದೆಯಂತೆ 1950ರ ಜನವರಿ 26ರಿಂದ 1987ರ ಜುಲೈ 1ರ ಒಳಗೆ ಈ ನೆಲದಲ್ಲಿ ಹುಟ್ಟಿದವರು ಹುಟ್ಟಿನಿಂದಲೇ ಭಾರತೀಯರು. 2010ರಲ್ಲಿ ದೆಹಲಿ ಹೈಕೋರ್ಟ್, 2013ರಲ್ಲಿ ನಮ್ಮ ಕರ್ನಾಟಕ ಹೈಕೋರ್ಟ್ ಟಿಬೆಟನ್ನರಿಗೂ ಇದು ಅನ್ವಯಿಸುತ್ತದೆ ಎಂದವು. 2014ರಲ್ಲಿ ಚುನಾವಣಾ ಆಯೋಗ ಅವರಿಗೆ ಮತದಾರರ ಪಟ್ಟಿ ತೆರೆಯಿತು. ಕೆಲವರು ಸೇರಿದರು; ಹಲವರು ಸೇರಲಿಲ್ಲ. ಭಾರತೀಯರಾದರೆ ಟಿಬೆಟಿಗೆ ಮರಳುವ ಹಕ್ಕನ್ನು ತಾವೇ ಬಿಟ್ಟುಕೊಟ್ಟಂತೆ ಆಗುತ್ತದೋ ಎಂಬ ಸಂಕಟ ಅವರದು.

ಈ ನಡುವೆ ಇನ್ನೊಂದು ವಲಸೆ ಶುರುವಾಗಿದೆ. 1990ರ ಕಾನೂನಿನಲ್ಲಿ ಅಮೆರಿಕವು ಭಾರತ ಮತ್ತು ನೇಪಾಳದ ಟಿಬೆಟನ್ನರಿಗಾಗಿ 1,000 ವೀಸಾ ಇಟ್ಟಿತು. ಅಲ್ಲಿಂದಾಚೆಗೆ ಓದಿದ ಹುಡುಗ ಹುಡುಗಿಯರು ನ್ಯೂಯಾರ್ಕ್, ಟೊರಾಂಟೊ ಕಡೆ ಹೊರಟುಹೋಗುತ್ತಿದ್ದಾರೆ. ಜೋಳದ ಹೊಲಗಳ ನಡುವಿನ ಮನೆಗಳಲ್ಲಿ ವಯಸ್ಸಾದವರು ಉಳಿಯುತ್ತಿದ್ದಾರೆ. 2021ರಲ್ಲಿ ದೇಶಭ್ರಷ್ಟ ಟಿಬೆಟನ್ನರ ನಾಯಕನಾಗಿ ಆಯ್ಕೆಯಾದ ಪೆನ್ಪಾ ತ್ಸೆರಿಂಗ್ ಬೈಲಕುಪ್ಪೆಯಲ್ಲೇ ಹುಟ್ಟಿ ಇಲ್ಲಿಯ ಶಾಲೆಯಲ್ಲೇ ಓದಿದವರು. ಅವರಿಗೆ ಮತ ಹಾಕಿದವರಲ್ಲಿ ಉತ್ತರ ಅಮೆರಿಕದಲ್ಲಿ ನೆಲೆಸಿದವರೂ ಇದ್ದರು. ಹೊರದೇಶಕ್ಕೆ ಹೋಗಲು ಭಾರತದ ಪಾಸ್‌ಪೋರ್ಟ್ ಕೇಳಿದವರಿಗೆ ಅದನ್ನು ಕೊಡಲು ನ್ಯಾಯಾಲಯದ ಆದೇಶದ ನಂತರ 2017ರಲ್ಲಿ ಸರ್ಕಾರ ಒಪ್ಪಿತು. ಆದರೆ ಆರ್‌ಸಿ ಹಿಂದಿರುಗಿಸಬೇಕು, ವಸತಿ ಪ್ರದೇಶದಲ್ಲಿ ಇರಬಾರದು ಎಂಬ ಷರತ್ತು ಹಾಕಿತು. ಅಜ್ಜ ಕಾಡು ಕಡಿದು ಮಾಡಿದ ಹೊಲ, ಅಪ್ಪ ಕಟ್ಟಿದ ಮನೆ ಬಿಟ್ಟರೆ ಮಾತ್ರ ಹುಟ್ಟಿದ ದೇಶದ ಪಾಸ್‌ಪೋರ್ಟ್ ಎಂಬ ಈ ಷರತ್ತು ಅನ್ಯಾಯದ್ದು. 1960ರಲ್ಲಿ 3,000 ಎಕರೆ ಕೊಡುವಾಗ ನಮ್ಮ ರಾಜ್ಯ ಹೀಗೆ ಲೆಕ್ಕ ಹಾಕಿರಲಿಲ್ಲ. ಇದನ್ನು ತೆಗೆಯಿರಿ ಎಂದು ದೆಹಲಿಯನ್ನು ಕೇಳುವ ಹಕ್ಕು ಎಲ್ಲರಿಗಿಂತ ಮೊದಲು ಕರ್ನಾಟಕಕ್ಕಿದೆ. ವಿಧಾನಸೌಧ ಆ ಮಾತನ್ನು ಕೇಂದ್ರಕ್ಕೆ ಬರೆದು ತಿಳಿಸಬೇಕು.